ಹದಿಮೂರಲ್ಲ, ಹದಿನೇಳೂವರೆ

ಸಾಲ ವಿಭಾಗದ ಅಧಿಕಾರಿ ಕಂಪ್ಯೂಟರಿನ ಪರದೆಯನ್ನು ಗಂಡ ಹೆಂಡತಿಯ ಕಡೆಗೆ ತಿರುಗಿಸಿದರು. ಗಂಡ ಕನ್ನಡಕವನ್ನು ಹೊಲಿಗೆ ಯಂತ್ರದ ಮೇಲೇ ಬಿಟ್ಟುಬಂದಿದ್ದ. ಓದಿದವಳು ಹೆಂಡತಿ.

‘ಇನ್ನೂರ ಹತ್ತು ಅಂತ ಇದೆಯಲ್ಲ ಸರ್, ಅದೇನು?’

‘ಉಳಿದಿರೋ ಕಂತುಗಳಮ್ಮ.’

‘ಇನ್ನೂರ ಹತ್ತು ತಿಂಗಳಾ?’

‘ಹೌದು. ಹದಿನೇಳೂವರೆ ವರ್ಷ.’

ಅವಳು ಗಂಡನ ಮುಖ ನೋಡಿದಳು. ಅವನು ಗೋಡೆಯ ಮೇಲಿದ್ದ ಬ್ಯಾಂಕಿನ ಕ್ಯಾಲೆಂಡರ್ ನೋಡುತ್ತಿದ್ದ. ಅದರಲ್ಲಿ ಗಂಡ, ಹೆಂಡತಿ ಮತ್ತು ಒಂದು ಮಗು ಹೊಸ ಮನೆಯ ಮುಂದೆ ನಿಂತು ಕಾರಣವಿಲ್ಲದೆ ನಗುತ್ತಿದ್ದರು.

‘ನಾವು ತಗೊಂಡಿದ್ದು ಇಪ್ಪತ್ತು ವರ್ಷದ ಸಾಲ ಸರ್. ಏಳು ವರ್ಷ ಕಟ್ಟಿದೀವಿ. ಒಂದು ಕಂತೂ ತಪ್ಪಿಸಿಲ್ಲ. ಇಪ್ಪತ್ತರಲ್ಲಿ ಏಳು ಹೋದ್ರೆ ಹದಿಮೂರು. ಇದು ಬೇರೆ ಯಾರದೋ ಸಾಲ ಇರಬೇಕು, ಸರಿಯಾಗಿ ನೋಡಿ.’

‘ನಿಮ್ಮದೇ ಅಮ್ಮ,’ ಎಂದರು ಅಧಿಕಾರಿ. ‘ನೀವು ತಗೊಂಡಾಗ ಬಡ್ಡಿ ನೂರಕ್ಕೆ ಎಂಟಿತ್ತು. ನಾಲ್ಕು ವರ್ಷ ಆದ್ಮೇಲೆ ಒಂಬತ್ತೂವರೆ ಆಯ್ತು. ಬಡ್ಡಿ ಏರಿದಾಗ ಒಂದೋ ಕಂತು ಏರಿಸಬೇಕು, ಇಲ್ಲಾ ಅವಧಿ ಏರಿಸಬೇಕು. ಕಂತು ಏರಿಸಿದ್ರೆ ಜನ ಬಂದು ಕೂಗಾಡ್ತಾರೆ. ಅವಧಿ ಏರಿಸಿದ್ರೆ ಯಾರೂ ಬರಲ್ಲ.’

‘ನಮಗೊಂದು ಮಾತು ಹೇಳಬೇಕಿತ್ತಲ್ಲ?’

‘ಮೆಸೇಜ್ ಬಂದಿರುತ್ತೆ.’

ಬಂದಿತ್ತು. ಗಂಡನಿಗೆ ಅದು ಚೆನ್ನಾಗಿ ನೆನಪಿತ್ತು. ಅದರಲ್ಲಿ ಮೂರು ವಾಕ್ಯಗಳಿದ್ದವು. ಬಡ್ಡಿ ದರ ಪರಿಷ್ಕರಣೆಯಾಗಿದೆ. ನಿಮ್ಮ ಕಂತಿನಲ್ಲಿ ಬದಲಾವಣೆ ಇಲ್ಲ. ಅವಧಿಯನ್ನು ಅದಕ್ಕೆ ತಕ್ಕಂತೆ ಹೊಂದಿಸಲಾಗಿದೆ. ಅವನು ನಡುವಿನ ವಾಕ್ಯವನ್ನು ಎರಡು ಸಲ ಓದಿ, ಫೋನನ್ನು ಎದುರಿನ ಕ್ಷೌರದ ಅಂಗಡಿಯವನಿಗೆ ತೋರಿಸಿ, ‘ಊರೆಲ್ಲ ರೇಟು ಏರಿಸಿದ್ರೂ ನಮ್ಮವರು ಏರಿಸಿಲ್ಲ ನೋಡು’ ಎಂದು ಬ್ಯಾಂಕನ್ನು ಹೊಗಳಿದ್ದ.

ಅವನ ಕಸುಬೇ ಅವನಿಂದ ಈ ತಪ್ಪು ಮಾಡಿಸಿತ್ತು. ಇಪ್ಪತ್ತೆರಡು ವರ್ಷಗಳಿಂದ ಪೇಟೆ ಬೀದಿಯಲ್ಲಿ ಅವನ ಹೊಲಿಗೆ ಅಂಗಡಿ. ಶಾಲಾ ಸಮವಸ್ತ್ರ ಮುಖ್ಯ ಕೆಲಸ. ಜೊತೆಗೆ ಪ್ಯಾಂಟು, ಷರಟು, ಕೋಟಿನ ರಿಪೇರಿ. ಒಮ್ಮೆ ಹೇಳಿದ ಕೂಲಿಯನ್ನು ಅವನು ಏರಿಸಿದವನಲ್ಲ. ಒಮ್ಮೆ ಹೇಳಿದ ತಾರೀಖಿಗೆ ಬಟ್ಟೆ ಕೊಟ್ಟವನೂ ಅಲ್ಲ. ‘ನಾಳೆ ಬನ್ನಿ’ ಎಂಬುದು ಅವನ ಬಾಯಿಂದ ಎಷ್ಟು ಸಲ ಬಂದಿತ್ತೆಂದರೆ, ಗಿರಾಕಿಗಳು ಅವನನ್ನು ಎದುರಿಗೇ ‘ನಾಳೆ ಮಾಸ್ಟರ್’ ಎಂದು ಕರೆಯುತ್ತಿದ್ದರು. ರೇಟು ಅಂದರೆ ಮಾತು, ತಾರೀಖು ಅಂದರೆ ಅಂದಾಜು ಎಂಬುದು ಅವನ ವ್ಯಾಪಾರದ ನೀತಿ. ಬ್ಯಾಂಕಿನವರೂ ಅದೇ ನೀತಿಯವರು, ಒಳ್ಳೆಯ ಜನ ಎಂದು ಅವನು ತಿಳಿದ. ಷರಟು ಎರಡು ವಾರ ತಡವಾದರೆ ಗಿರಾಕಿಯ ಜೇಬಿನಿಂದ ಏನೂ ಹೋಗುವುದಿಲ್ಲ. ಸಾಲ ತಡವಾದರೆ ತಿಂಗಳು ತಿಂಗಳೂ ಹೋಗುತ್ತದೆ. ಆ ವ್ಯತ್ಯಾಸ ಅವನಿಗೆ ಹೊಳೆದಿರಲಿಲ್ಲ.

ಹೆಂಡತಿ ಅದೇ ಅಂಗಡಿಯಲ್ಲಿ ಬಟ್ಟೆ ಕತ್ತರಿಸುವವಳು. ಅಳತೆ ಅವಳದು, ಹೊಲಿಗೆ ಅವನದು. ಪೇಟೆಯಲ್ಲಿ ಅವಳಿಗೆ ಕತ್ತರಿಯಕ್ಕ ಎಂದೇ ಹೆಸರು.

‘ಇಪ್ಪತ್ತು ಲಕ್ಷ ತಗೊಂಡ್ವಿ. ಇಲ್ಲಿವರೆಗೂ ಕಟ್ಟಿದ್ದೆಷ್ಟು ಸರ್?’

‘ಹದಿನಾಲ್ಕು ಲಕ್ಷದ ಐದು ಸಾವಿರ, ಚಿಲ್ಲರೆ.’

‘ಬಾಕಿ?’

‘ಹದಿನೇಳು ಲಕ್ಷದ ಒಂಬತ್ತು ಸಾವಿರ.’

ಆಗ ಮಾಸ್ಟರ್ ಮೊದಲ ಸಲ ಬಾಯಿ ಬಿಟ್ಟ. ‘ಏನ್ ಸರ್, ಏಳು ವರ್ಷದಲ್ಲಿ ಮೂರು ಲಕ್ಷನೂ ತೀರಿಲ್ವಾ?’

‘ಶುರುವಿನ ವರ್ಷಗಳಲ್ಲಿ ಹಾಗೇ ಮಾಸ್ಟರ್. ಕಂತಿನ ಮುಕ್ಕಾಲು ಪಾಲಿಗಿಂತ ಹೆಚ್ಚು ಬಡ್ಡಿಗೇ ಹೋಗುತ್ತೆ. ಹೋದ ತಿಂಗಳು ನೀವು ಕಟ್ಟಿದ್ದು ಹದಿನಾರು ಸಾವಿರದ ಏಳುನೂರ ಇಪ್ಪತ್ತೊಂಬತ್ತು. ಅದರಲ್ಲಿ ಹದಿಮೂರೂವರೆ ಸಾವಿರ ಬಡ್ಡಿ. ಉಳಿದಿದ್ದು ಮಾತ್ರ ಅಸಲಿಗೆ.’

‘ಹೀಗೇ ಕಟ್ಟಿಕೊಂಡು ಹೋದ್ರೆ ಕೊನೇಲಿ ಎಲ್ಲಾ ಸೇರಿ ಎಷ್ಟಾಗುತ್ತೆ?’ ಹೆಂಡತಿ ಕೇಳಿದಳು.

ಅಧಿಕಾರಿ ಲೆಕ್ಕ ಹಾಕಿದರು. ಈ ಪ್ರಶ್ನೆಯನ್ನು ಯಾರೂ ಅಷ್ಟಾಗಿ ಕೇಳುವುದಿಲ್ಲವಾದ್ದರಿಂದ ಅದಕ್ಕೆ ಪರದೆಯ ಮೇಲೆ ಸಿದ್ಧ ಜಾಗವಿರಲಿಲ್ಲ. ಬೇರೆ ಪುಟ ತೆರೆಯಬೇಕಾಯಿತು. ‘ನಲವತ್ತೊಂಬತ್ತು ಲಕ್ಷದ ಹತ್ತಿರ.’

‘ಇಪ್ಪತ್ತಕ್ಕಾ?’

‘ಇಪ್ಪತ್ತಕ್ಕೆ.’

ಅವರನ್ನು ಕರೆಸಿದ ಕಾರಣವನ್ನು ಅಧಿಕಾರಿ ಆಮೇಲೆ ಹೇಳಿದರು. ಬ್ಯಾಂಕಿನ ನಿಯಮದಂತೆ ಸಾಲಗಾರರಿಗೆ ಅರವತ್ತೈದು ತುಂಬುವುದರೊಳಗೆ ಸಾಲ ತೀರಬೇಕು. ಮಾಸ್ಟರಿಗೆ ಈಗ ಐವತ್ತೊಂದು, ಜೊತೆಗೆ ಸಹಿ ಹಾಕಿದ ಹೆಂಡತಿಗೆ ನಲವತ್ತೊಂಬತ್ತು. ಹದಿನೇಳೂವರೆ ಕೂಡಿಸಿದರೆ ಇಬ್ಬರದೂ ಗಡಿ ದಾಟುತ್ತದೆ. ತಿಂಗಳ ಕಂತನ್ನು ಸುಮಾರು ಸಾವಿರದ ಏಳುನೂರು ಏರಿಸಿದರೆ ಹದಿನಾಲ್ಕು ವರ್ಷದಲ್ಲಿ ಮುಗಿಯುತ್ತದೆ, ಅದೊಂದು ದಾರಿ. ಒಂದಷ್ಟು ಇಡುಗಂಟು ಕಟ್ಟುವುದು ಇನ್ನೊಂದು.

‘ಅದೆರಡೂ ಕಷ್ಟ ಅನ್ನೋದಾದ್ರೆ,’ ಅಧಿಕಾರಿ ದನಿಯನ್ನು ಸ್ವಲ್ಪ ಮೆತ್ತಗೆ ಮಾಡಿದರು, ‘ಮಗಳು ಕೆಲಸಕ್ಕೆ ಸೇರಿದಾಳೆ ಅಂದ್ರಲ್ಲ. ಅವಳನ್ನ ಸಾಲಕ್ಕೆ ಸೇರಿಸಿಬಿಡಿ. ಇಪ್ಪತ್ತಮೂರು ವಯಸ್ಸು. ಅವಧಿ ತೊಂದರೆನೇ ಇಲ್ಲ. ಕಂತು ಒಂದು ಕಾಸೂ ಏರಲ್ಲ. ಒಂದು ಸಹಿ, ಅಷ್ಟೆ. ಎಲ್ಲರೂ ಹಾಗೇ ಮಾಡ್ತಾರೆ.’

ಮಾಸ್ಟರ್ ನಿರಾಳವಾಗಿ ಉಸಿರು ಬಿಟ್ಟಿದ್ದು ಪಕ್ಕದ ಕುರ್ಚಿಗೂ ಕೇಳಿಸಿತು.

‘ಮಗಳು ಬೇಡ,’ ಎಂದಳು ಹೆಂಡತಿ.

‘ಯೋಚನೆ ಮಾಡಿ. ಈ ತಿಂಗಳ ಕೊನೇವರೆಗೂ ಟೈಮಿದೆ.’

‘ಯೋಚನೆ ಮಾಡ್ತೀವಿ. ಮಗಳು ಬೇಡ.’

*

ಮನೆ ಪೇಟೆಯಿಂದ ನಡೆದುಹೋಗುವಷ್ಟು ದೂರದಲ್ಲಿತ್ತು. ಒಂದೇ ಗೋಡೆ ಹಂಚಿಕೊಂಡು ಸಾಲಾಗಿ ನಿಂತ ಎಂಟು ಮನೆಗಳಲ್ಲಿ ಮೂರನೆಯದು. ಬೀದಿಯ ಬಾಗಿಲು ತೆಗೆದರೆ ನೇರ ಹಾಲ್. ಮನೆಯಲ್ಲಿ ದೊಡ್ಡ ಕೋಣೆ ಅದೊಂದೇ. ಹಿಂದೆ ಎರಡು ಚಿಕ್ಕ ಕೋಣೆ, ಅಡುಗೆಮನೆ. ಹಾಲಿಗೆ ಬೀದಿ ಕಡೆ ಅಗಲವಾದ ಕಿಟಕಿ. ಆ ಕಿಟಕಿಯ ಬೆಳಕು ಬೀಳುವ ಜಾಗದಲ್ಲಿ ಮಾಸ್ಟರನ ಅಕ್ಕ ಉಡುಗೊರೆ ಕೊಟ್ಟ ಕೆಂಪು ಸೋಫಾ ಸೆಟ್ ಇತ್ತು. ಅದರ ಪ್ಲಾಸ್ಟಿಕ್ ಹೊದಿಕೆಯನ್ನು ಏಳು ವರ್ಷವಾದರೂ ತೆಗೆದಿರಲಿಲ್ಲ. ಹಗಲೆಲ್ಲ ಮೂವರೂ ಹೊರಗೆ ದುಡಿಯುತ್ತಿದ್ದರಿಂದ ಅದರ ಮೇಲೆ ಕೂರುತ್ತಿದ್ದವಳು ಭಾನುವಾರ ಬರುವ ಆ ಅಕ್ಕ ಮಾತ್ರ. ಬಂಧುಬಳಗಕ್ಕೆಲ್ಲ ಅವಳು ದೊಡ್ಡಕ್ಕ.

ಆ ಭಾನುವಾರವೂ ಬಂದಳು. ತಮ್ಮ ಅವಳಿಗೆ ಫೋನಿನಲ್ಲಿ ವರದಿ ಒಪ್ಪಿಸಿಬಿಟ್ಟಿದ್ದ.

‘ಒಂದು ಸಹಿಗೆ ಇಷ್ಟೊಂದು ರಾದ್ಧಾಂತವಾ?’ ದೊಡ್ಡಕ್ಕ ಕೂತಾಗ ಪ್ಲಾಸ್ಟಿಕ್ಕು ಕರಕರ ಎಂದಿತು. ‘ನಾಳೆ ಮನೆ ಯಾರದು? ಅವಳದೇ ತಾನೇ? ತನ್ನ ಮನೆಗೆ ತಾನು ಸಹಿ ಹಾಕೋದರಲ್ಲಿ ಏನು ತಪ್ಪು?’

‘ಮನೆ ಕೊಡೋದು ಬೇರೆ ಅತ್ತಿಗೆ, ಸಾಲ ಕೊಡೋದು ಬೇರೆ.’

‘ಅಪ್ಪ ಅಮ್ಮನ ಕಷ್ಟಕ್ಕೆ ಆಗದ ಮಕ್ಕಳು ಮತ್ಯಾಕೆ?’

ಮಗಳು ಅಡುಗೆಮನೆಯ ಬಾಗಿಲಲ್ಲಿ ಟೀ ಲೋಟ ಹಿಡಿದು ನಿಂತಿದ್ದಳು. ರಕ್ತ ಪರೀಕ್ಷೆಯ ಲ್ಯಾಬಿನಲ್ಲಿ ಅವಳ ಕೆಲಸ. ಬೆಳಗಿನಿಂದ ಜನರ ತೋಳಿಗೆ ಸೂಜಿ ಚುಚ್ಚಿ ರಕ್ತ ತೆಗೆಯುವುದು. ಸೇರಿ ಎಂಟು ತಿಂಗಳಾಗಿತ್ತು.

‘ನಾನು ಇಲ್ಲೇ ಇದೀನಿ, ಹಾಜರಿ ಹಾಕ್ಕೊಳ್ಳಿ,’ ಎಂದಳು. ‘ಅಮ್ಮ, ಹಾಕ್ತೀನಿ ಬಿಡು. ದಿನಾ ಅರವತ್ತು ಜನರ ರಕ್ತ ತೆಗೀತೀನಿ. ನನ್ನದೂ ಸ್ವಲ್ಪ ಯಾರಾದ್ರೂ ತೆಗೀಲಿ.’

‘ನೀನು ತೆಗೆಯೋದು ಒಂದು ಸಲ. ಅವರು ಹದಿನೇಳೂವರೆ ವರ್ಷ ತೆಗೀತಾರೆ.’

‘ನನ್ನ ಸಂಬಳದಿಂದ ಕಟ್ಟು ಅಂತ ಯಾರು ಹೇಳಿದ್ರು? ಕಟ್ಟೋದು ನೀವೇ. ನಾನು ಹೆಸರಿಗೆ.’

‘ಅಪ್ಪನ ಕಣ್ಣು ಇನ್ನೂ ಐದು ವರ್ಷ ಸೂಜಿಗೆ ದಾರ ಪೋಣಿಸಬಹುದು, ಹತ್ತು ವರ್ಷ ಅಂತಿಟ್ಟುಕೋ. ಆಮೇಲೆ ಹೆಸರಿಗಿದ್ದವಳ ಹತ್ತಿರ ತಾನೇ ಬ್ಯಾಂಕಿನವರು ಬರೋದು?’

‘ಬಿಡೋ, ಇವಳು ಮಾತಲ್ಲಿ ಯಾರಿಗೆ ಸೋತಿದಾಳೆ,’ ದೊಡ್ಡಕ್ಕ ತಮ್ಮನ ಕಡೆ ತಿರುಗಿದಳು. ‘ನೀನೇನೋ ಅಂತೀಯ? ನಿನ್ನ ಬಾಯಿಗೇನು ಗುಂಡಿ ಹೊಲಿದಾಳಾ?’

ಮಾಸ್ಟರ್ ಗುಂಡಿ ಹೊಲಿಸಿಕೊಂಡವನಂತೆಯೇ ಕೂತಿದ್ದ. ಕೊನೆಗೆ ಹೇಳಿದ: ‘ಆ ಸಾವಿರದ ಏಳುನೂರು ಹೇಗೋ ಹೊಂದಿಸಬಹುದಾ ನೋಡೋಣ. ಆಗದಿದ್ರೆ ಮಗಳು.’

‘ಹೇಗೋ ಅನ್ನೋದು ಎಲ್ಲಿದೆ, ತೋರಿಸಿ,’ ಎಂದಳು ಹೆಂಡತಿ. ‘ರೆಡಿಮೇಡ್ ಅಂಗಡಿ ಬಂದ ಮೇಲೆ ಎರಡು ಶಾಲೆ ನಮ್ಮ ಕೈ ಬಿಟ್ಟಿವೆ. ಹೇಗೋನ ನಾವು ಆಗಲೇ ತಿಂದು ಮುಗಿಸಿದೀವಿ.’

ಅದು ನಿಜವಾಗಿತ್ತು. ಮಗಳು ಲೋಟಗಳನ್ನು ತೊಳೆಯಲು ಹೋದಳು. ದೊಡ್ಡಕ್ಕ ಹೊರಡುವಾಗ ತಮ್ಮನನ್ನು ಬಾಗಿಲಾಚೆ ಕರೆದು ಏನೋ ಪಿಸುಗುಟ್ಟಿದಳು.

ಹೆಂಡತಿ ಆ ಪಿಸುಮಾತಿಗೆ ಕಿವಿ ಕೊಡಲಿಲ್ಲ. ಅವಳು ಹಾಲಿನ ನಡುವೆ ನಿಂತು ಸೋಫಾವನ್ನು, ಕಿಟಕಿಯನ್ನು, ಮತ್ತೆ ಸೋಫಾವನ್ನು ನೋಡಿದಳು. ಕುತ್ತಿಗೆಗೆ ಯಾವಾಗಲೂ ಜೋತುಬಿದ್ದಿರುವ ಅಳತೆ ಪಟ್ಟಿ ತೆಗೆದು ಗೋಡೆಗೆ ಹಿಡಿದಳು.

*

‘ಅಂಗಡಿ ಬಿಡೋಣ,’ ಎಂದಳು ಮರುದಿನ.

ಮಾಸ್ಟರ್ ಹೊಲಿಯುತ್ತಿದ್ದ. ಕಾಲು ನಿಲ್ಲಿಸಲಿಲ್ಲ. ಯಂತ್ರದ ಸದ್ದಿನಲ್ಲಿ ಕೇಳಿಸಲಿಲ್ಲ ಎಂದುಕೊಂಡರೆ ಮಾತು ಮುಂದಕ್ಕೆ ಹೋಗುವುದಿಲ್ಲ ಎಂಬುದು ಅವನ ಹಳೆಯ ಉಪಾಯ. ಅವಳು ಬಗ್ಗಿ ಯಂತ್ರದ ಚಕ್ರಕ್ಕೆ ಕೈ ಕೊಟ್ಟು ನಿಲ್ಲಿಸಿದಳು.

‘ಈ ಅಂಗಡಿಗೆ ತಿಂಗಳಿಗೆ ಏಳೂವರೆ ಸಾವಿರ ಬಾಡಿಗೆ. ಹಗಲೆಲ್ಲ ಮನೆ ಖಾಲಿ, ರಾತ್ರಿಯೆಲ್ಲ ಅಂಗಡಿ ಖಾಲಿ. ಎರಡಕ್ಕೂ ದುಡ್ಡು ಕಟ್ಟೋರು ನಾವಿಬ್ಬರೇ. ಹಾಲಲ್ಲಿ ನಿಮ್ಮ ಎರಡು ಯಂತ್ರ, ನನ್ನ ಮೇಜು, ಇಸ್ತ್ರಿ ಮೇಜು ಹಿಡಿಯುತ್ತೆ. ನಾನು ಅಳತೆ ತಗೊಂಡಿದೀನಿ.’

‘ಹಾಲಲ್ಲಿ ಸೋಫಾ ಇದೆ.’

‘ಸೋಫಾ ಹೋಗುತ್ತೆ.’

‘ಅಕ್ಕ ಕೊಟ್ಟಿದ್ದು!’

‘ಅಕ್ಕನ ಮನೆಗೇ ಹೋಗುತ್ತೆ.’

ಮಾಸ್ಟರ್ ಕನ್ನಡಕ ತೆಗೆದು ಷರಟಿನ ತುದಿಯಲ್ಲಿ ಒರೆಸಿದ. ‘ಏನು ಮಾತಾಡ್ತಿದೀಯ ನೀನು. ಇಪ್ಪತ್ತೆರಡು ವರ್ಷದ ಅಂಗಡಿ ಇದು. ಬೀದೀಲಿ ನಾನು ಬಾಗಿಲು ತೆಗೆದ ಮೇಲೇ ಬೇರೆಯವರು ತೆಗೆಯೋದು. ಮನೆ ಒಳಗೆ ಕೂತು ಹೊಲಿದ್ರೆ ಜನ ಏನಂತಾರೆ? ಮಾಸ್ಟರ್ ಮುಳುಗಿದ ಅಂತಾರೆ.’

‘ಅನ್ನಲಿ. ಅನ್ನೋರು ಯಾರಾದ್ರೂ ಒಂದು ಕಂತು ಕಟ್ಟಿದ್ರೆ ಹೇಳಿ, ಅವರ ಮಾತಿಗೆ ಮರ್ಯಾದೆ ಕೊಡ್ತೀನಿ.’

‘ಗಿರಾಕಿಗಳು ಅಷ್ಟು ದೂರ ಬರಲ್ಲ.’

‘ಕೆಲವರು ಬರಲ್ಲ. ಅದಕ್ಕೂ ಎರಡು ಸಾವಿರ ಕಳೆದಿದೀನಿ. ಆದ್ರೂ ಐದೂವರೆ ಸಾವಿರ ಉಳಿಯುತ್ತೆ. ಅಷ್ಟನ್ನೂ ಕಂತಿಗೆ ಸೇರಿಸೋದು.’

‘ಸಾವಿರದ ಏಳುನೂರು ಸಾಕು ಅಂದಿದಾರಲ್ಲ!’

‘ಅವರಿಗೆ ಸಾಕು. ನಮಗೆ ಸಾಕಾ?’

ಕ್ಷೌರದ ಅಂಗಡಿಯವನು ಬೀದಿಯ ಆಚೆಯಿಂದ ಕೂಗಿದ: ‘ಏನ್ ಮಾಸ್ಟರ್, ಬೆಳಿಗ್ಗೆನೇ ಕತ್ತರಿ ಪ್ರಯೋಗವಾ?’ ಅವನ ಕುರ್ಚಿಯಲ್ಲಿ ಕೂತಿದ್ದ ಗಿರಾಕಿ ಮುಖಕ್ಕೆ ನೊರೆ ಮೆತ್ತಿಕೊಂಡೇ ನಕ್ಕ. ಮಾಸ್ಟರ್ ಕೈ ಬೀಸಿ ಸುಮ್ಮನಿರಲು ಹೇಳಿ, ಹೆಂಡತಿಗೆ ತಗ್ಗಿದ ದನಿಯಲ್ಲಿ ಹೇಳಿದ:

‘ನಾಳೆ ಮಾತಾಡೋಣ.’

ಮೂರು ದಿನ ಆ ನಾಳೆ ಬರಲಿಲ್ಲ. ನಾಲ್ಕನೆಯ ದಿನ ಅವಳು ಗುಂಡಿ, ದಾರ ತರಲು ಸಗಟು ಅಂಗಡಿಗೆ ಹೋಗಿ ಬಂದಾಗ ಅಂಗಡಿಯ ಬಾಗಿಲು ಎಳೆದಿತ್ತು. ಊಟದ ಹೊತ್ತಲ್ಲ. ಇಪ್ಪತ್ತೆರಡು ವರ್ಷದಲ್ಲಿ ಮಾಸ್ಟರ್ ಆ ಹೊತ್ತಿಗೆ ಬಾಗಿಲೆಳೆದವನಲ್ಲ.

‘ಮಗಳು ಬಂದಿದ್ದಳಕ್ಕ,’ ಎಂದ ಕ್ಷೌರದವನು. ಅವನ ಮುಖದಲ್ಲಿ ತಮಾಷೆ ಇರಲಿಲ್ಲ. ‘ಇಬ್ಬರೂ ಬ್ಯಾಂಕಿನ ಕಡೆ ಹೋದ್ರು. ನಿಮಗೆ ಗೊತ್ತಿರುತ್ತೆ ಅಂದುಕೊಂಡೆ.’

ಅವಳು ಗುಂಡಿಯ ಚೀಲವನ್ನು ಅವನ ಕೈಗೆ ಕೊಟ್ಟು ನಡೆದಳು.

*

ಬ್ಯಾಂಕಿನಲ್ಲಿ ಮಗಳು ಲ್ಯಾಬಿನ ಬಿಳಿ ಕೋಟಿನಲ್ಲೇ ಕೂತಿದ್ದಳು. ಅವಳ ಮುಂದೆ ಕಾಗದಗಳಿದ್ದವು. ಸಹಿ ಹಾಕಬೇಕಾದ ಜಾಗಗಳಿಗೆ ಅಧಿಕಾರಿ ಪೆನ್ಸಿಲಿನಲ್ಲಿ ಸಣ್ಣ ಗುರುತು ಹಾಕಿದ್ದರು. ಪೆನ್ನಿನ ಮುಚ್ಚಳ ತೆಗೆದಿತ್ತು. ಅಮ್ಮನನ್ನು ಕಂಡು ಮಗಳು ಅದನ್ನು ಮುಚ್ಚಲೂ ಇಲ್ಲ, ಬರೆಯಲೂ ಇಲ್ಲ.

ಮಾಸ್ಟರ್ ಎದ್ದು ನಿಂತ. ‘ನಿನಗೆ ಹೇಳೋಣ ಅಂತಲೇ...’

‘ನಾಳೆ ಹೇಳ್ತಿದ್ರಿ, ಗೊತ್ತು. ಕೂತ್ಕೊಳ್ಳಿ.’ ಅವಳೂ ಕುರ್ಚಿ ಎಳೆದುಕೊಂಡಳು. ಬಟ್ಟೆಗೆ ಗುರುತು ಹಾಕಿದ ಬೆರಳಿನ ಸೀಮೆಸುಣ್ಣ ಅಧಿಕಾರಿಯ ಮೇಜಿಗೆ ಅಂಟಿತು. ‘ಸರ್, ಮೊದಲ ಸಾಲಕ್ಕೆ ನಾನೂ ಸಹಿ ಹಾಕಿದೀನಿ. ಇದಕ್ಕೆ ನನ್ನ ಸಹಿ ಬೇಡವಾ?’

‘ಬೇಕಮ್ಮ. ಮೂವರದೂ ಬೇಕು. ನಿಮ್ಮದು ಮನೇಲಿ ಹಾಕಿಸಿಕೊಂಡು ಬರ್ತೀನಿ ಅಂದ್ರು.’

‘ನಾನು ಹಾಕಲ್ಲ.’

ಪಕ್ಕದ ಮೇಜಿನವರು ತಲೆ ಎತ್ತಿದರು. ಅವಳು ದನಿ ಏರಿಸಿರಲಿಲ್ಲ. ಅಳತೆ ಹೇಳುವಾಗಿನ ದನಿಯೇ.

‘ಅಮ್ಮ, ಎಲ್ಲರ ಮುಂದೆ ಯಾಕೆ,’ ಮಗಳು ತಗ್ಗಿದ ಸ್ವರದಲ್ಲಿ ಹೇಳಿದಳು. ‘ನಾನೇ ಒಪ್ಪಿ ಬಂದಿದೀನಿ. ಅಪ್ಪ ರಾತ್ರಿ ಮಲಗ್ತಿಲ್ಲ, ನೋಡಿದೀಯಾ? ಅಂಗಡಿ ಬಿಡಿಸಿದ್ರೆ ಅವರು ಒಳಗೊಳಗೇ ಕುಸಿದುಹೋಗ್ತಾರೆ. ನನಗೆ ಇದರಿಂದ ಏನೂ ನಷ್ಟ ಇಲ್ಲ.’

‘ಅದನ್ನ ನನ್ನ ಕೇಳಬೇಡ, ಇವರನ್ನ ಕೇಳು. ಸರ್, ಇನ್ನು ಐದು ವರ್ಷಕ್ಕೆ ಇವಳಿಗೆ ತನ್ನದೇ ಮನೆ ತಗೋಬೇಕು ಅನ್ನಿಸಿ ಸಾಲಕ್ಕೆ ಬರ್ತಾಳೆ ಅಂತಿಟ್ಟುಕೊಳ್ಳಿ. ಆಗ ಈ ಸಹಿ ಅಡ್ಡ ಬರುತ್ತಾ?’

ಅಧಿಕಾರಿ ಸುಳ್ಳು ಹೇಳುವ ಮನುಷ್ಯರಲ್ಲ. ಕೇಳದಿದ್ದರೆ ಹೇಳುವವರೂ ಅಲ್ಲ. ‘ಬರುತ್ತೆ. ಇವಳ ಸಂಬಳದಲ್ಲಿ ಈ ಕಂತನ್ನ ಕಳೆದು, ಉಳಿದಿದ್ದಕ್ಕೆ ಎಷ್ಟು ಸಾಲ ಕೊಡಬಹುದು ಅಂತ ಲೆಕ್ಕ ಹಾಕ್ತಾರೆ.’

‘ಇವರು ಸರಿಯಾಗಿ ಕಟ್ಟುತ್ತಿದ್ರೂ?’ ಮಗಳು ಕೇಳಿದಳು.

‘ಸಾಮಾನ್ಯವಾಗಿ ಹಾಗೇ. ಕಾಗದದ ಮೇಲೆ ಸಾಲ ನಿಮ್ಮದೂ ಹೌದಲ್ಲ. ಒಂದು ಕಂತು ತಪ್ಪಿದ್ರೂ ನಿಮ್ಮ ಹೆಸರಲ್ಲೂ ದಾಖಲಾಗುತ್ತೆ.’

‘ಈಗಿನ ಸಂಬಳಕ್ಕೆ ಎಷ್ಟು ಉಳಿಯುತ್ತೆ?’

‘ಈಗಿನ ಸಂಬಳಕ್ಕೆ...’ ಅಧಿಕಾರಿ ಕೈ ಅಲ್ಲಾಡಿಸಿದರು. ‘ಏನೂ ಉಳಿಯಲ್ಲ.’

ಮಗಳು ಅಪ್ಪನ ಕಡೆ ನೋಡಿದಳು. ಆಮೇಲೆ ಪೆನ್ನಿನ ಮುಚ್ಚಳ ಹಾಕಿ ಕಾಗದಗಳ ಮೇಲಿಟ್ಟಳು. ‘ಅಪ್ಪ, ಇದನ್ನ ನೀನು ಕೇಳಿದ್ಯಾ?’

ಮಾಸ್ಟರ್ ಕೇಳಿರಲಿಲ್ಲ. ಕೇಳಬೇಕಾದ ಪ್ರಶ್ನೆ ಅದೆಂದು ಅವನಿಗೆ ಗೊತ್ತಿರಲಿಲ್ಲ. ಒಂದು ಕಾಸೂ ಏರಲ್ಲ ಎಂಬ ಮಾತನ್ನು ಅವನು ಎರಡನೆಯ ಸಲವೂ ನಂಬಿದ್ದ.

‘ಸರ್,’ ಹೆಂಡತಿ ಮುಂದುವರಿಸಿದಳು, ‘ಕಂತು ಇಪ್ಪತ್ತೆರಡು ಸಾವಿರದ ಇನ್ನೂರು ಕಟ್ಟಿದ್ರೆ ಯಾವಾಗ ಮುಗಿಯುತ್ತೆ?’

ಕೀಲಿಗಳ ಸದ್ದು. ‘ಹತ್ತು ವರ್ಷ. ಇನ್ನು ಕಟ್ಟಬೇಕಾದ್ದು ಒಟ್ಟು ಇಪ್ಪತ್ತಾರೂವರೆ ಲಕ್ಷ ಆಗುತ್ತೆ. ಈಗಿನ ಕಂತಲ್ಲೇ ಹೋದ್ರೆ ಮೂವತ್ತೈದು.’ ಅವರು ಪರದೆಯನ್ನು ಇನ್ನೊಮ್ಮೆ ನೋಡಿದರು. ‘ಎಂಟೂವರೆ ಲಕ್ಷ ವ್ಯತ್ಯಾಸ. ಒಳ್ಳೇದೇ. ಆದ್ರೆ ಆಮೇಲೆ ಕಷ್ಟ ಆಯ್ತು ಅಂತ ಬರಬೇಡಿ. ಒಂದು ಸಲ ಏರಿಸಿದ ಕಂತು ಇಳಿಸೋದು ಸುಲಭ ಅಲ್ಲ. ಇಷ್ಟೊಂದು ಎಳೆದುಕೊಳ್ಳೋದು ಯಾಕೆ? ಹದಿನಾಲ್ಕು ವರ್ಷದ್ದು ತಗೊಳ್ಳಿ, ಹಾಯಾಗಿರಿ.’

‘ಹಾಯಾಗಿದ್ದಿದ್ದಕ್ಕೇ ಸರ್, ಹದಿಮೂರು ಹೋಗಿ ಹದಿನೇಳೂವರೆ ಆಗಿದ್ದು.’

‘ಇದಕ್ಕೆ ಯಜಮಾನರ ಸಹಿಯೂ ಬೇಕು.’

ಎಲ್ಲರೂ ಮಾಸ್ಟರನ ಕಡೆ ನೋಡಿದರು. ಹೆಂಡತಿ ಮಾತ್ರ ನೋಡಲಿಲ್ಲ. ತನ್ನದನ್ನು ಹೇಳಿ ಮುಗಿಸಿದ್ದಳು. ಇನ್ನು ಗಂಡ ಇಲ್ಲ ಎಂದರೆ ಅವಳ ಕೈಯಲ್ಲಿ ಮಗಳನ್ನು ತಡೆಯುವ ಶಕ್ತಿ ಇತ್ತೇ ಹೊರತು ಸಾಲ ಉದ್ದವಾಗುವುದನ್ನು ತಡೆಯುವ ಶಕ್ತಿ ಇರಲಿಲ್ಲ. ಸೀಮೆಸುಣ್ಣದ ಕೈಯನ್ನು ಮಡಿಲಲ್ಲಿಟ್ಟುಕೊಂಡು ಕಾದಳು.

ಮಾಸ್ಟರ್ ಕೇಳಿದ ಪ್ರಶ್ನೆ ಯಾರೂ ಊಹಿಸಿದ್ದಲ್ಲ.

‘ಹತ್ತು ವರ್ಷ ಅಂದ್ರಲ್ಲ ಸರ್. ಈ ತಾರೀಖು ಮತ್ತೆ ಮುಂದಕ್ಕೆ ಹೋಗುತ್ತಾ?’

‘ಬಡ್ಡಿ ಏರಿದ್ರೆ ಹೋಗಬಹುದು.’

‘ಅದೇ ಕೇಳ್ತಿರೋದು. ಹೋಗಬಾರದು ಅಂದ್ರೆ ಏನು ಮಾಡಬೇಕು?’

‘ಬಡ್ಡಿ ಏರಿದಾಗೆಲ್ಲ ಅವಧಿ ಬೇಡ, ಕಂತೇ ಏರಿಸಿ ಅಂತ ಬರೆದುಕೊಡಬೇಕು. ಆಗ ರೇಟು ಬದಲಾಗುತ್ತೆ, ತಾರೀಖು ಬದಲಾಗಲ್ಲ. ಆದ್ರೆ ಹಾಗೆ ಯಾರೂ ಬರೆದುಕೊಡಲ್ಲ ಮಾಸ್ಟರ್.’

‘ಬರೆಸಿಕೊಳ್ಳಿ.’ ಅವನ ದನಿ ಗಟ್ಟಿಯಾಗಿತ್ತು, ಮಗಳು ಬೆಚ್ಚಿದಳು. ‘ಮೂರು ವರ್ಷ ಸರ್. ಮೂರು ವರ್ಷ ನೀವು ನನಗೆ ನಾಳೆ ಬಾ ಅಂದಿದೀರಿ, ನಾನು ಥ್ಯಾಂಕ್ಸ್ ಅಂತ ಹೇಳಿಕೊಂಡು ಹೋಗಿದೀನಿ. ನನ್ನ ಗಿರಾಕಿಗಳಾದ್ರೂ ಬಾಗಿಲಿಗೆ ಬಂದು ಬಯ್ತಾರೆ. ನಾನು ಅದನ್ನೂ ಮಾಡ್ಲಿಲ್ಲ. ಇವತ್ತು ಬಯ್ಯೋಕೇ ಬಂದಿದೀನಿ ಅಂತ ತಿಳ್ಕೊಳ್ಳಿ.’

‘ನನ್ನ ಬೈದು ಏನು ಪ್ರಯೋಜನ,’ ಎಂದರು ಅಧಿಕಾರಿ. ಕೋಪವಿರಲಿಲ್ಲ. ‘ಬೇರೆ ಫಾರಂ ತರ್ತೀನಿ.’

ಅವರು ಎದ್ದು ಹೋದಾಗ ಮಾಸ್ಟರ್ ಹೆಂಡತಿಯ ಕಡೆ ವಾಲಿದ. ‘ಅಂಗಡಿ ಬೋರ್ಡು ಏನು ಮಾಡೋದು?’

‘ಮನೆ ಕಿಟಕಿ ಮೇಲೆ ಜಾಗ ಇದೆ.’

‘ಉದ್ದ ಆಗುತ್ತೆ ಕಣೇ, ಕಿಟಕಿಗಿಂತ.’

‘ಕತ್ತರಿಸೋಣ.’

‘ಅದು ತಗಡು!’

‘ತಗಡನ್ನೂ ಕತ್ತರಿಸ್ತಾರೆ ರೀ,’ ಎಂದಳು ಅವಳು. ಮಗಳು ಕೋಟಿನ ತೋಳನ್ನು ಬಾಯಿಗೆ ಒತ್ತಿಕೊಂಡು ನಗು ತಡೆದಳು. ಆಮೇಲೆ ಆ ನಗು ಯಾಕೋ ಬೇರೆಯಾಗಿ, ಕಣ್ಣೊರೆಸಿಕೊಂಡಳು. ಲ್ಯಾಬಿಗೆ ಹೊತ್ತಾಯಿತು ಎಂದು ಎದ್ದು ಹೋದಳು.

*

ಅಂಗಡಿ ಖಾಲಿ ಮಾಡುವ ದಿನ ಮಾಸ್ಟರ್ ಎಂದಿಗಿಂತ ಮೊದಲೇ ಬಾಗಿಲು ತೆಗೆದ. ಯಂತ್ರಗಳನ್ನು ಗಾಡಿಗೆ ಏರಿಸುವಾಗ ಕ್ಷೌರದವನು ಬಂದು ಒಂದು ಕೊನೆ ಹಿಡಿದ. ಖಾಲಿ ಅಂಗಡಿಯ ನೆಲದಲ್ಲಿ ಹಳೆಯ ಯಂತ್ರದ ಕಾಲುಗಳು ಊರಿ ಊರಿ ಮಾಡಿದ್ದ ನಾಲ್ಕು ಗುಳಿಗಳಿದ್ದವು. ಮಾಸ್ಟರ್ ಅವನ್ನು ಸ್ವಲ್ಪ ಹೊತ್ತು ನೋಡಿ, ಬೀಗದ ಕೈಯನ್ನು ಮಾಲೀಕನಿಗೆ ಕೊಟ್ಟ. ಆ ರಾತ್ರಿ ಊಟ ಸೇರಲಿಲ್ಲ. ಹೆಂಡತಿ ಸಮಾಧಾನ ಹೇಳಲು ಹೋಗಲಿಲ್ಲ. ಅವಳಿಗೆ ಅದು ಗೆಲುವೆಂದು ಅನ್ನಿಸಿರಲೂ ಇಲ್ಲ. ಇಪ್ಪತ್ತಾರೂವರೆ ಲಕ್ಷ ಇನ್ನೂ ಎದುರಿಗೇ ಇತ್ತು.

ಮೊದಲ ತಿಂಗಳು ಗಿರಾಕಿಗಳು ಅವಳು ಅಂದಾಜು ಮಾಡಿದ್ದಕ್ಕಿಂತಲೂ ಕಡಿಮೆ ಬಂದರು. ಎರಡನೆಯ ತಿಂಗಳು ಸಾಲಿನ ಉಳಿದ ಏಳು ಮನೆಗಳವರೂ ಹಳೆಯ ಪ್ಯಾಂಟುಗಳನ್ನು ಹೊತ್ತು ತಂದರು. ಸೋಫಾ ಮೊದಲ ದಿನವೇ ದೊಡ್ಡಕ್ಕನ ಮನೆ ಸೇರಿತ್ತು. ಅವಳು ಎರಡು ತಿಂಗಳು ಮುನಿಸಿಕೊಂಡು ಬರಲಿಲ್ಲ. ಮೂರನೆಯ ತಿಂಗಳ ಒಂದು ಭಾನುವಾರ ಕುತೂಹಲ ತಡೆಯದೆ ಬಂದಳು.

ಹಾಲಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಒಂದು ಶಾಲೆ ಮತ್ತೆ ಕೈಗೆ ಬಂದಿತ್ತು. ನೀಲಿ ಬಟ್ಟೆಯ ಥಾನುಗಳು ಗೋಡೆಗೆ ಒರಗಿದ್ದವು. ಮಗಳು ರಜೆಯ ದಿನ ಗುಂಡಿ ಹಾಕುತ್ತ ಕೂತಿದ್ದಳು, ಒಂದು ಗುಂಡಿಗೆ ಇಷ್ಟೆಂದು ಅಪ್ಪನಿಂದ ಕೂಲಿ ವಸೂಲು ಮಾಡುತ್ತ. ಮಾಸ್ಟರ್ ಯಂತ್ರದಿಂದ ತಲೆಯೆತ್ತಿ ‘ಬಾ ಅಕ್ಕ’ ಎಂದ. ದೊಡ್ಡಕ್ಕ ಇಸ್ತ್ರಿ ಮೇಜಿನ ಪಕ್ಕದ ಸ್ಟೂಲಿನ ಮೇಲೆ ಕಷ್ಟಪಟ್ಟು ಕೂತಳು.

‘ಚೆನ್ನಾಗಿದೆ,’ ಎಂದಳು, ಸುತ್ತ ನೋಡುತ್ತ. ‘ಜನ ಅಂಗಡಿ ಮಾಡಿ, ಅದರಿಂದ ಮನೆ ಮಾಡ್ತಾರೆ. ನೀವು ಮನೆ ಮಾಡಿ, ಅದನ್ನ ಅಂಗಡಿ ಮಾಡಿದ್ರಿ. ನಾಲ್ಕು ಜನ ಬಂದ್ರೆ ಕೂರಿಸೋಕೆ ಒಂದು ಹಾಲ್ ಇಲ್ಲ. ಇದಕ್ಕಾ ಲಕ್ಷಗಟ್ಟಲೆ ಸಾಲ ಮಾಡಿದ್ದು?’

‘ಮನೆ ಇನ್ನೂ ನಮ್ಮದಾಗಿಲ್ಲ ಅತ್ತಿಗೆ,’ ಹೆಂಡತಿ ನೆಲದ ಮೇಲೆ ನೀಲಿ ಬಟ್ಟೆಯ ಮಡಿಕೆ ಬಿಚ್ಚುತ್ತ ಹೇಳಿದಳು. ‘ಆಗೋವರೆಗೂ ನಮ್ಮ ಜೊತೆ ಅದೂ ದುಡೀಲಿ.’

‘ಮಾತಿಗೇನೂ ಕಮ್ಮಿ ಇಲ್ಲ.’

‘ಇಲ್ಲ. ಕಾಲು ಸ್ವಲ್ಪ ಎತ್ತಿ, ಬಟ್ಟೆ ಹಾಸಬೇಕು.’

ದೊಡ್ಡಕ್ಕ ಗೊಣಗುತ್ತ ಎರಡೂ ಕಾಲನ್ನು ಎತ್ತಿ ಹಿಡಿದಳು. ಬಟ್ಟೆ ಅವಳ ಕೆಳಗಿನಿಂದ ಜಾರಿ ಗೋಡೆಯವರೆಗೂ ಹರಡಿತು.